ಎನಿಡಳ ಎಡಗಿವಿ

ಬೆಳಿಗ್ಗೆ ಎದ್ದಾಗಿನಿಂದ ಸಿರಿಲ್ ಗಾರ್ಸೈಡನಿಗೆ ಯಾರನ್ನಾದರೂ ಹೊಡೆಯಬೇಕು ಅನ್ನಿಸುತ್ತಿತ್ತು. ಯಾರನ್ನು ಎಂದು ಗೊತ್ತಿರಲಿಲ್ಲ. ಮೊಟ್ಟೆ ಬೇಯಿಸುವಾಗ ಅನ್ನಿಸಿತು. ಗಡ್ಡ ಹೆರೆಯುವಾಗ, ಕನ್ನಡಿಯಲ್ಲಿ ಕಂಡ ದಪ್ಪ ಕುತ್ತಿಗೆಯ, ಮೂಗು ಒಂದು ಕಡೆ ವಾಲಿದ ಆ ಮುಖಕ್ಕೇ ಬಾರಿಸಬೇಕು ಅನ್ನಿಸಿತು. ಹದಿನೆಂಟು ವರ್ಷ ಅವನ ಹೊಟ್ಟೆ ಹೊರೆದದ್ದು ಅದೇ ಮುಖ. ಟೀವಿಯಲ್ಲಿ ಅದು ನಲವತ್ತಕ್ಕೂ ಹೆಚ್ಚು ಕೊಲೆ ಮಾಡಿತ್ತು. ಪಾದ್ರಿಯೊಬ್ಬನನ್ನು ಮೇಣದಬತ್ತಿಯ ಕಂಬದಿಂದ ಚಚ್ಚಿತ್ತು, ಇಬ್ಬರು ಬ್ಯಾಂಕ್ ಗುಮಾಸ್ತರನ್ನು ಗುಂಡಿಟ್ಟು ಕೊಂದಿತ್ತು, ಒಮ್ಮೆ ಒಬ್ಬ ಸನ್ಯಾಸಿನಿಯ ಕತ್ತನ್ನು ಅವಳದೇ ಜಪಮಾಲೆಯಲ್ಲಿ ಬಿಗಿದಿತ್ತು. ಮಾಂಸದಂಗಡಿಯ ಸಾಲಿನಲ್ಲಿ ನಿಂತರೆ ಮುದುಕಿಯರು ಒಂದು ಹೆಜ್ಜೆ ಹಿಂದೆ ಸರಿಯುತ್ತಿದ್ದರು. ಒಬ್ಬಳಂತೂ ಸನ್ಯಾಸಿನಿಯ ಲೆಕ್ಕ ಚುಕ್ತಾ ಮಾಡಲು ಕೊಡೆಯಿಂದ ಅವನ ಮೊಣಕಾಲಿಗೆ ತಿವಿದಿದ್ದಳು. ಆಕ್ಟನ್‌ಗೆ ಹೋಗುವ ಬಸ್ಸಿನಲ್ಲಿ ಕಂಡಕ್ಟರ್ ಟಿಕೆಟ್ ಕೊಟ್ಟು ಹೋಗದೆ ಬಗ್ಗಿ ನೋಡಿದ. "ಹೋದ ಗುರುವಾರ ನಿಮ್ಮನ್ನ ನೇಣು ಹಾಕಿದ್ರಲ್ಲ, ಯಜಮಾನ್ರೇ?" ಸಿರಿಲ್ ಹೌದೆಂದ. "ಚೆನ್ನಾಗಿ ಒದ್ದಾಡಿದ್ರಿ ಬಿಡಿ. ನನ್ ಹೆಂಡ್ತಿ ಚಪ್ಪಾಳೆ ತಟ್ಟಿದ್ಲು. ಹೆಸರೇನು ನಿಮ್ದು?" ಸಿರಿಲ್ ಹೇಳಿದ. ಕಂಡಕ್ಟರ್ ಸ್ವಲ್ಪ ಹೊತ್ತು ಯೋಚಿಸಿ, "ಇಲ್ಲ, ಕೇಳಿಲ್ಲ," ಎಂದು ಮುಂದಿನ ಸೀಟಿಗೆ ಹೋದ. ಅವನ ಬೆನ್ನು ನೋಡುತ್ತಿದ್ದಂತೆ ಸಿರಿಲ್‌ನ ಬಲಗೈ ತೊಡೆಯ ಮೇಲೆ ತಾನಾಗಿಯೇ ಮುಷ್ಟಿಯಾಯಿತು. ಈ ಕೈ ಯಾವಾಗಲೂ ಹೀಗೇ, ಅವನಿಗಿಂತ ಮೊದಲೇ ಹೊರಟುಬಿಡುತ್ತದೆ.

ಚರ್ಚಿನ ಹಿಂದಿನ ಹಾಲಿನಲ್ಲಿ ತಾಲೀಮು. ನೆಲದ ಮೇಲೆ ಹಳದಿ ಟೇಪು ಅಂಟಿಸಿ ಮನೆ ಮಾಡಿದ್ದರು. ಟೇಪು ಎಂದರೆ ಗೋಡೆ, ಎರಡು ಕೋಲು ನಿಲ್ಲಿಸಿದ ಕಡೆ ಬಾಗಿಲು. ಮೂರು ಮರದ ಪೆಟ್ಟಿಗೆ ಒಂದರ ಮೇಲೊಂದು ಇಟ್ಟದ್ದು ಮೆಟ್ಟಿಲು, ಅದರ ಕೆಳಗೊಂದು ಹಾಸಿಗೆ. ಮರೆತು ಟೇಪು ದಾಟಿದರೆ ಯಾರಾದರೂ, "ಗೋಡೆ ಒಡೆದ್ರಿ!" ಎಂದು ಕೂಗುತ್ತಿದ್ದರು. ಆರು ಕಂತಿನ ಧಾರಾವಾಹಿ. ಸಿರಿಲ್ ಅದರಲ್ಲಿ ಕಟುಕನ ಅಂಗಡಿಯ ಮಾಲೀಕ, ಎನಿಡ್ ಹಾಲ್ರಾಯ್ಡ್ ಅವನ ಹೆಂಡತಿ. ಇವತ್ತು ನಾಲ್ಕನೇ ಕಂತು. ಗಂಡ ಹೆಂಡತಿಯನ್ನು ಜುಟ್ಟು ಹಿಡಿದು ಮೆಟ್ಟಿಲ ತುದಿಗೆ ಎಳೆದು ತಂದು ಕೆನ್ನೆಗೆ ಹೊಡೆಯುತ್ತಾನೆ, ಅವಳು ಉರುಳಿ ಬೀಳುತ್ತಾಳೆ. ಇಂಥ ಏಟನ್ನು ಸಿರಿಲ್ ಸಾವಿರ ಸಲ ಕೊಟ್ಟಿದ್ದಾನೆ. ಹೊಡೆಯುವವನು ಕಾಯಬೇಕು. ಏಟು ತಿನ್ನುವವರು ಕಣ್ಣಿನಲ್ಲಿ ಕಣ್ಣಿಟ್ಟು ಸನ್ನೆಗೆಂದು ಒಂದಿಷ್ಟು ಗಲ್ಲ ಆಡಿಸುತ್ತಾರೆ, ಆಮೇಲೆಯೇ ಕೈ ಹೊರಡಬೇಕು. ಕೈ ಗಾಳಿಯಲ್ಲಿ ಹೋಗುತ್ತದೆ. ಸದ್ದು ಬರುವುದು ಏಟು ತಿಂದವರು ಕ್ಯಾಮೆರಾಗೆ ಕಾಣದಂತೆ ತಟ್ಟಿಕೊಳ್ಳುವ ಚಪ್ಪಾಳೆಯಿಂದ. ಜುಟ್ಟು ಹಿಡಿದು ಎಳೆಯುವುದೂ ಅಷ್ಟೇ, ಎಳೆಸಿಕೊಳ್ಳುವವರೇ ಅವನ ಮಣಿಕಟ್ಟು ಹಿಡಿದು ನಡೆಯುತ್ತಾರೆ. ಟೀವಿಯ ಹಿಂಸೆಯೆಲ್ಲ ಪೆಟ್ಟು ತಿನ್ನುವವರ ಕೈಯಲ್ಲಿ ಎಂದು ಅವನು ಹೊಸ ಹುಡುಗರಿಗೆ ಹೇಳಿಕೊಡುತ್ತಾನೆ. ಹೇಳುವಾಗ ಅವನ ಮುಖ ಕೆಂಪಾಗುತ್ತದೆ, ಹುಡುಗರು ಅದನ್ನು ವಿನಯ ಅಂದುಕೊಳ್ಳುತ್ತಾರೆ.

ಎನಿಡ್ ಮೊದಲೇ ಬಂದು ಕೋಟು ಬಿಚ್ಚದೆ ಹೀಟರಿನ ಪಕ್ಕ ನಿಂತಿದ್ದಳು. ಐವತ್ತೆರಡರ ಹೆಂಗಸು, ಸಣ್ಣ ಮುಖ, ಎಡಗಡೆಗೆ ಇಳಿಬಿಟ್ಟ ಕೂದಲು. ಮೂರು ವಾರದ ಹಿಂದೆ, ಎಲ್ಲರೂ ಕೂತು ಓದುವ ಮೊದಲ ದಿನ, ಹದಿನೆಂಟು ವರ್ಷಗಳ ಮೇಲೆ ಅವಳನ್ನು ನೋಡಿದಾಗ ಸಿರಿಲ್ ಕೈಯಲ್ಲಿದ್ದ ಕಾಗದ ಓದುವವನಂತೆ ತಲೆ ತಗ್ಗಿಸಿದ್ದ. ಅವಳು ಸುಮ್ಮನೆ ಬಂದು ಅವನ ಕೆನ್ನೆಗೆ ಮುತ್ತಿಟ್ಟು, "ದಪ್ಪ ಆಗಿದೀಯ," ಅಂದಿದ್ದಳು. ಆಮೇಲೆ ಕುರ್ಚಿ ಎಳೆದುಕೊಂಡು ಎಲ್ಲರೂ ತನ್ನ ಬಲಗಡೆಗೆ ಬರುವ ಹಾಗೆ ಮೇಜಿನ ಮೂಲೆಯಲ್ಲಿ ಕೂತಳು. ಅದನ್ನು ಗಮನಿಸಿದವನು ಅವನೊಬ್ಬನೇ. ಬೈದಿದ್ದರೆ ಒಳ್ಳೆಯದಿತ್ತು, ಉಗಿದಿದ್ದರೆ ಇನ್ನೂ ಒಳ್ಳೆಯದಿತ್ತು. ಇವತ್ತು ಅವಳು ಹತ್ತಿರ ಬಂದು ಅವನ ಕೋಟಿನ ಗುಂಡಿ ಹಿಡಿದುಕೊಂಡಳು. "ಸಿರಿಲ್, ಒಂದು ಉಪಕಾರ ಮಾಡ್ತೀಯಾ? ಎಳೆಯೋಕೆ ಮುಂಚೆ ನಿನ್ನ ಮಾತು ಇದ್ಯಲ್ಲ, ಅದನ್ನ ಕಿಟಕಿ ಕಡೆ ನಿಂತು ಹೇಳು. ಮುಖ ನನ್ನ ಕಡೆ ಇರಲಿ."

"ಯಾಕೆ?"

"ಯಾಕೆ ಅಂದ್ರೆ ನಿನ್ನ ಮುಖ ಅಷ್ಟು ಚೆಂದ." ಅವಳು ನಕ್ಕಳು. ಆಮೇಲೆ ನಗು ನಿಲ್ಲಿಸಿ, "ಈ ಆರು ಕಂತು ನನಗೆ ಬೇಕು, ಸಿರಿಲ್. ಇದು ಕೈತಪ್ಪಿದ್ರೆ ಮತ್ತೆ ಆ ಟೋಪಿ ಅಂಗಡೀನೇ ಗತಿ. ಬಂದವರ ತಲೆ ಅಳೀತಾ ನಿಂತಿರಬೇಕು," ಅಂದಳು. ಅವನು ಆಗಲಿ ಎಂದು ತಲೆಯಾಡಿಸಿದ. ಮನಸ್ಸಿನಲ್ಲೂ ಹಾಗೇ ಇತ್ತು. ಆದರೆ ನಿರ್ದೇಶಕ ಜೂಲಿಯನ್ ಫೇನ್ ಬಂದವನೇ ಎಲ್ಲವನ್ನೂ ತಿರುಗಿಸಿಬಿಟ್ಟ. ಮೂವತ್ತೂ ದಾಟದ, ಕತ್ತಿಗೆ ರೇಷ್ಮೆ ವಸ್ತ್ರ ಸುತ್ತಿಕೊಂಡ, ಎಲ್ಲರನ್ನೂ ಚಿನ್ನ ಎನ್ನುವ ಹುಡುಗ. "ಸಿರಿಲ್ ಚಿನ್ನ, ನೀವು ಹಿಂದಿನಿಂದ ಬನ್ನಿ. ಅವಳಿಗೆ ಕಾಣಿಸಬಾರದು. ಎಡಭುಜದ ಹತ್ರ ಪಿಸುಗುಟ್ಟಿ, ಆಗ ಅವಳು ತಿರುಗಲಿ." ಸಿರಿಲ್ ಹಿಂದಿನಿಂದ ಬಂದ. ಅವಳ ಎಡಭುಜದ ಹತ್ತಿರ, "ಎಲ್ಲಿದ್ದೆ ಇಷ್ಟು ಹೊತ್ತು?" ಎಂದು ಪಿಸುಗುಟ್ಟಿದ. ಟೇಪಿನ ಮನೆಯಲ್ಲಿ ಇಲ್ಲದ ಕಿಟಕಿಯಿಂದಾಚೆ ನೋಡುತ್ತಾ ಎನಿಡ್ ನಿಂತೇ ಇದ್ದಳು. ಹಾಲಿನಲ್ಲಿ ಹೀಟರ್ ಗುಂಯ್ ಅನ್ನುತ್ತಿತ್ತು. ಜೂಲಿಯನ್ ಕಾಗದದ ಕಟ್ಟನ್ನು ತೊಡೆಗೆ ಬಡಿದ. "ಮತ್ತೊಮ್ಮೆ." ಮತ್ತೊಮ್ಮೆಯೂ ಅಷ್ಟೇ. ಮೂರನೇ ಸಲ ಅವಳು ಲೆಕ್ಕ ಹಾಕಿ ತಿರುಗಿದಳು, ಅವನಿನ್ನೂ ಬಾಯಿ ತೆರೆದಿರಲಿಲ್ಲ. ಯಾರೋ ಕಿಸಕ್ಕೆಂದರು. "ಎನಿಡ್, ಮಾತು ನೆನಪಿದೆಯಾ ಚಿನ್ನ?" ಎಂದು ಜೂಲಿಯನ್ ಮಗುವನ್ನು ಕೇಳುವ ಹಾಗೆ ಕೇಳಿದ. ಅವನ ಆ ರೇಷ್ಮೆ ವಸ್ತ್ರದ ಎರಡೂ ತುದಿ ಹಿಡಿದು, ಮೊಣಕಾಲನ್ನು ಬೆನ್ನಿಗೆ ಕೊಟ್ಟು, ಕಣ್ಣು ಹೊರಬರುವ ತನಕ ಬಿಗಿಯುವುದನ್ನು ಸಿರಿಲ್ ಎಷ್ಟು ಸ್ಪಷ್ಟವಾಗಿ ಕಂಡನೆಂದರೆ ಬೆರಳ ಗಂಟುಗಳು ನೋಯತೊಡಗಿದವು. ಇಷ್ಟೆಲ್ಲ ಸಿಟ್ಟು ಬರುವುದು ತನ್ನ ಮೇಲೇ ಎಂಬುದು ಅವನಿಗೆ ಈಗ ಗೊತ್ತಿತ್ತು. ಅದಕ್ಕೇ ಜೂಲಿಯನ್‌ನ ಕತ್ತು ಬೇಕಾಗಿತ್ತು.

ಹದಿನೆಂಟು ವರ್ಷದ ಹಿಂದೆ, ಐವತ್ತಾರನೇ ಇಸವಿಯಲ್ಲಿ, ಟೀವಿ ನಾಟಕವೆಂದರೆ ನೇರ ಪ್ರಸಾರ. ಸ್ಟುಡಿಯೋದಲ್ಲಿ ಆಡಿದ್ದು ಆ ಕ್ಷಣವೇ ದೇಶದ ಮನೆಗಳಿಗೆ ಹೋಗುತ್ತಿತ್ತು, ತಪ್ಪಿದರೆ ತಪ್ಪಿದ್ದೇ. ಪ್ರಾಂಪ್ಟರ್ ಹುಡುಗಿಯ ಕೈಯಲ್ಲಿ ಒಂದು ಗುಂಡಿ ಇರುತ್ತಿತ್ತು. ಯಾರಿಗಾದರೂ ಬಾಯಿ ಕಟ್ಟಿದರೆ ಅವಳು ಅದನ್ನು ಒತ್ತುತ್ತಿದ್ದಳು, ಒತ್ತಿದಷ್ಟು ಹೊತ್ತು ಮನೆಗಳ ಟೀವಿಯಲ್ಲಿ ಸದ್ದು ನಿಂತು ಚಿತ್ರ ಮಾತ್ರ ಓಡುತ್ತಿತ್ತು, ಅಷ್ಟರಲ್ಲಿ ಮರೆತವರಿಗೆ ಮಾತನ್ನು ಕೂಗಿ ಹೇಳಿಬಿಡುತ್ತಿದ್ದಳು. ಅಂಥದೊಂದು ನಾಟಕದಲ್ಲಿ ಸಿರಿಲ್ ಯುದ್ಧದಿಂದ ಮರಳಿದ ಗಂಡ, ಎನಿಡ್ ಬೇರೊಬ್ಬನ ಜೊತೆ ಇದ್ದ ಹೆಂಡತಿ. ಅವಳ ಮಾತು ಮುಗಿಯಿತು. ಈಗ ಅವನ ಸರದಿ. ತಲೆಯೊಳಗೆ ಏನೂ ಇರಲಿಲ್ಲ. ಕ್ಯಾಮೆರಾದ ಕೆಂಪು ದೀಪ, ಬೆವರು, ಅವಳ ಕಾಯುತ್ತಿರುವ ಕಣ್ಣು. ಚಿಕ್ಕಂದಿನಲ್ಲಿ ಓಲ್ಡಮ್‌ನ ಮನೆಯ ಅಡುಗೆಕೋಣೆಯಲ್ಲಿ ಅಪ್ಪ ಮಿಲ್ಲಿನಿಂದ ಬಂದು ಬೆಲ್ಟು ಬಿಚ್ಚಿ ಮೇಜಿನ ಮೇಲಿಟ್ಟು ಹದಿಮೂರರ ಮಗ್ಗಿ ಒಪ್ಪಿಸು ಅನ್ನುತ್ತಿದ್ದ. ಹದಿಮೂರೇಳು ಎಂದು ನಿಂತುಬಿಟ್ಟರೆ ಆ ಮೌನ ಬೆಳೆಯುತ್ತಾ ಹೋಗುತ್ತಿತ್ತು, ಅದನ್ನು ಮುಗಿಸುತ್ತಿದ್ದುದು ಬೆಲ್ಟು. ಬಾಯಿ ಕಟ್ಟಿದರೆ ಏಟು ಬೀಳಲೇಬೇಕು. ಎನಿಡ್ ಗಲ್ಲ ಆಡಿಸಿರಲಿಲ್ಲ. ಏಟು ಇದ್ದದ್ದು ಎರಡು ಪುಟ ಆದಮೇಲೆ. ಅವನ ಅಂಗೈ ಅವಳ ಎಡಗಿವಿಯ ಮೇಲೆ ಪೂರ್ತಿ ಬಿತ್ತು, ತಲೆ ಬೀರುವಿಗೆ ಬಡಿಯಿತು, ಅವಳು ಬಿದ್ದಳು. ಎದ್ದಳು ಕೂಡ. ಎದ್ದು, ಹಾರಿಹೋದ ಎರಡು ಪುಟವನ್ನು ಅಲ್ಲಿಂದ ಇಲ್ಲಿಂದ ಹೆಕ್ಕಿ ತನ್ನ ಮಾತಿನಲ್ಲೇ ಸೇರಿಸಿ ನಾಟಕವನ್ನು ದಡ ಮುಟ್ಟಿಸಿದಳು. ಅಷ್ಟು ಹೊತ್ತೂ ಅವಳ ಕಾಲರಿನೊಳಗೆ ರಕ್ತ ಇಳಿಯುತ್ತಿತ್ತು. ಮನೆಗಳಲ್ಲಿ ಕೂತವರಿಗೆ ಆ ಏಟಿನ ಸದ್ದು ಕೇಳಲಿಲ್ಲ, ಪ್ರಾಂಪ್ಟರ್ ಗುಂಡಿ ಒತ್ತಿದ್ದಳು. ಮಾರನೇ ದಿನ ಪತ್ರಿಕೆಯವರು ಸದ್ದಿಲ್ಲದ ಆ ಏಟನ್ನು ಹಾಡಿ ಹೊಗಳಿದರು, ಮೌನದ ಕಲೆಯಂತೆ, ಹೊಸ ನಟನ ಎದೆಗಾರಿಕೆಯಂತೆ. ಸಿರಿಲ್ ಗಾರ್ಸೈಡ್ ಹುಟ್ಟಿದ್ದು ಆ ಏಟಿನಿಂದ. ಪ್ರಸಾರ ಮುಗಿದ ಕೂಡಲೇ ಆಗಿನ ನಿರ್ದೇಶಕ ಮೇಲಿನ ಕೋಣೆಯಿಂದ ಮೆಟ್ಟಿಲಿಳಿದು ಓಡಿ ಬಂದು, "ಯಾರಿಗೆ ಬಾಯಿ ಕಟ್ಟಿದ್ದು?" ಎಂದು ಕೇಳಿದ್ದ. ಎನಿಡ್ ಮುಖ ಒರೆಸಿಕೊಳ್ಳಲು ಹೋಗಿದ್ದಳು. "ಎನಿಡ್‌ಗೆ," ಅಂದಿದ್ದ ಸಿರಿಲ್. ಒಂದೇ ಮಾತು. ಅದಾದಮೇಲೆ ನೇರ ನಾಟಕಕ್ಕೆ ಯಾರೂ ಅವಳನ್ನು ಕರೆಯಲಿಲ್ಲ.

ಟೀ ಬಿಡುವಿನಲ್ಲಿ ಜೂಲಿಯನ್ ಬಿಸ್ಕತ್ತು ಅದ್ದುತ್ತಾ ಅವನ ಪಕ್ಕ ಬಂದು ಕೂತ. "ಒಂದು ಮಾತು ಕೇಳ್ಲಾ? ನೀವು ಅವಳ ಜೊತೆ ಹಿಂದೆ ಮಾಡಿದೀರಿ. ಏನಿದು? ಕುಡೀತಾಳಾ? ಕಾಯಿಲೆಯಾ? ಅಥವಾ ಬರೀ ಮರೆವಾ? ಮರೆವಾದ್ರೆ ನನಗೆ ತೊಂದ್ರೆ ಇಲ್ಲ, ಈಗೆಲ್ಲ ತುಂಡು ತುಂಡಾಗಿ ತೆಗೀತೀವಿ, ಮಾತನ್ನ ಕಪ್ಪಿನೊಳಗೆ ಬೇಕಾದ್ರೂ ಬರೆದಿಡಬಹುದು. ಬೇರೆ ಏನಾದ್ರೂ ಇದ್ರೆ ಈಗಲೇ ಹೇಳಿ. ಸೋಮವಾರದೊಳಗೆ ಇನ್ನೊಬ್ಬಳನ್ನ ನೋಡ್ಕೋತೀನಿ." ಹಾಲಿನ ಆಚೆ ತುದಿಯಲ್ಲಿ ಎನಿಡ್ ಸಹಾಯಕಿ ಬ್ರೆಂಡಾಳ ತುಟಿಗಳನ್ನೇ ನೋಡುತ್ತಾ, ಬ್ರೆಂಡಾ ನಕ್ಕಾಗ ನಗುತ್ತಾ ನಿಂತಿದ್ದಳು. ಸಿರಿಲ್ ಟೀಯೊಳಗೆ ನೋಡಿದ. "ಮರೆವು, ಅಷ್ಟೇ," ಅಂದ. "ಐವತ್ತಾರರಲ್ಲೂ ಒಮ್ಮೆ ಹಾಗೇ ಆಗಿತ್ತು." ಜೂಲಿಯನ್ ಅವನ ಬೆನ್ನು ತಟ್ಟಿ ಎದ್ದುಹೋದ. ಹಳೆಯ ಸುಳ್ಳು ಎರಡನೇ ಸಲ ಬಾಯಿಂದ ಬಂದಿತ್ತು, ಮೊದಲ ಸಲಕ್ಕಿಂತ ಸಲೀಸಾಗಿ. ಈ ಸಲ ಅದು ಅವಳಿಗೆ ಅನ್ನ ಉಳಿಸಿಕೊಟ್ಟಿತ್ತು ಎಂದು ತನಗೆ ತಾನೇ ಹೇಳಿಕೊಂಡ. ಅದು ನಿಜವೂ ಆಗಿತ್ತು. ಆದರೂ ಟೀ ಅರ್ಧಕ್ಕೇ ಬಿಟ್ಟು ಎದ್ದ. ಕಕ್ಕಸಿಗೆ ಹೋಗಿ ಬಾಗಿಲು ಹಾಕಿಕೊಂಡು ಬಲಗೈಯನ್ನು ಗೋಡೆಗೆ ಒಮ್ಮೆ ಗುದ್ದಿದ, ಮತ್ತೊಮ್ಮೆ ಗುದ್ದಿದ. ಬೆರಳ ಗಂಟಿನ ಚರ್ಮ ಕಿತ್ತು ಬಂತು. ನೋವು ಬರುವ ತನಕ ಕಾದ, ಬಂದಮೇಲೆ ಅದು ಎಷ್ಟು ಅಗ್ಗದ್ದು ಎಂದು ನಾಚಿಕೆಯಾಯಿತು.

ಮೂರು ಗಂಟೆಗೆ ಕ್ಯಾಮೆರಾದವರು, ದೀಪದವರು, ಸದ್ದಿನವರು ಕೋಟು ಹಾಕಿಕೊಂಡೇ ಒಳಗೆ ಬಂದು ಗೋಡೆಗೆ ಒರಗಿ ನಿಂತರು. ಪ್ರತಿ ಕಂತಿಗೂ ಹೀಗೆ ಬಂದು ಒಮ್ಮೆ ಪೂರ್ತಿ ನೋಡಿ, ಎಲ್ಲಿ ಏನು ಬೇಕು ಎಂದು ಬರೆದುಕೊಂಡು ಹೋಗುತ್ತಾರೆ. ಆಟ ನೋಡಿ ಇವರು ನಗುವುದು ಅಪರೂಪ, ಅಳುವುದಂತೂ ಇಲ್ಲ. ಸಿರಿಲ್ ಮಾಂಸ ಕಡಿದ, ಗಿರಾಕಿಯನ್ನು ಬೈದ, ಟೇಪಿನ ಬಾಗಿಲಿನಿಂದ ಒಳಗೆ ಬಂದು ಮೆಟ್ಟಿಲ ತುದಿಯಲ್ಲಿ ಎನಿಡಳ ಎಡಭುಜದ ಹಿಂದೆ ನಿಂತು ಪಿಸುಗುಟ್ಟಿದ. ಅವಳು ತಿರುಗಲಿಲ್ಲ. ಜೂಲಿಯನ್ ಕೈ ಎತ್ತಿ ನಿಲ್ಲಿಸಿದ. ಅವನಿಗೆ ಸಿಟ್ಟಿರಲಿಲ್ಲ, ಧಾರಾಳವಾಗಿದ್ದ. ಅವಳ ಎದುರಿಗೆ ಬಂದು ಎಲ್ಲರಿಗೂ ಕೇಳುವಂತೆ, "ಪರವಾಗಿಲ್ಲ ಎನಿಡ್ ಚಿನ್ನ, ಸಿರಿಲ್ ಎಲ್ಲಾ ಹೇಳಿದಾರೆ. ಐವತ್ತಾರರಿಂದಲೂ ನೀವು ಹೀಗೇ ಅಂತೆ! ಮಾತನ್ನ ಗೋಡೆ ಮೇಲೆ ಬರೆಸ್ತೀವಿ, ಬೇಕಾದ್ರೆ ಸಿರಿಲ್ ಹಣೆ ಮೇಲೇ ಬರೆಸ್ತೀವಿ, ಜಾಗ ಧಾರಾಳವಾಗಿದೆ," ಅಂದ. ಕೋಟಿನವರು ನಕ್ಕರು. ಎನಿಡ್ ಅವನ ತುಟಿ ಓದಿ ಮುಗಿಸಿದಳು. ಅವಳ ಮುಖದಲ್ಲಿ ಒಂದು ಕ್ಷಣ ಏನೋ ಬಂದು ಹೋಯಿತು. ಆಮೇಲೆ ಅವಳೂ ನಕ್ಕಳು, ತಲೆ ತಗ್ಗಿಸಿ, "ಏನ್ಮಾಡೋದು, ನನ್ನ ತಲೆ ತೂತಿನ ಬುಟ್ಟಿ," ಅಂದಳು. ಒಪ್ಪಿಕೊಂಡೇಬಿಟ್ಟಳು.

ಅವಳ ಆ ನಗುವನ್ನು ಸಿರಿಲ್‌ಗೆ ಸಹಿಸಲಾಗಲಿಲ್ಲ. ಅವಳನ್ನು ಹಿಂದೆ ಬಿಟ್ಟು ಜೂಲಿಯನ್‌ನ ಎದುರಿಗೆ ಹೋದ, ಟೇಪು ತುಳಿದುಕೊಂಡೇ ಹೋದ. ಯಾರೂ ಗೋಡೆ ಒಡೆದಿರೆಂದು ಕೂಗಲಿಲ್ಲ. "ಸುಳ್ಳು," ಅಂದ. ಧ್ವನಿ ಅವನದೇ ಅಲ್ಲವೆನ್ನುವಂತೆ ಸಣ್ಣದಾಗಿ ಬಂತು. "ಬಾಯಿ ಕಟ್ಟಿದ್ದು ನನಗೆ. ಅವಳಿಗಲ್ಲ. ನಂಗೆ ಮಾತು ಮರೆತುಹೋಯ್ತು, ಹೊಡೆದೆ. ನಿಜವಾಗಿ ಹೊಡೆದೆ. ಆ ಕಿವಿ ಅವತ್ತೇ ಸತ್ತುಹೋಯ್ತು. ಅವಳು ಏನೂ ಮರೆಯಲ್ಲ, ಎಡಗಡೆಯಿಂದ ಮಾತಾಡಿದ್ರೆ ಅವಳಿಗೆ ಕೇಳಿಸಲ್ಲ, ಅಷ್ಟೇ. ಹದಿನೆಂಟು ವರ್ಷದಿಂದ ಕೇಳಿಸಲ್ಲ. ತಪ್ಪನ್ನ ಅವಳ ಮೇಲೆ ಹಾಕಿದವನು ನಾನು." ಹೇಳುತ್ತಾ ಹೇಳುತ್ತಾ ಕಣ್ಣಲ್ಲಿ ನೀರು ಬಂತು. ಇಷ್ಟು ಚೆನ್ನಾಗಿ ತಾನು ಯಾವ ಮಾತನ್ನೂ ಹೇಳಿಲ್ಲ ಎಂದು ಅವನೊಳಗಿನ ನಟ ಆ ಹೊತ್ತಿನಲ್ಲೂ ಗಮನಿಸಿದ. ಆಮೇಲೆ ಒಬ್ಬೊಬ್ಬರಾಗಿ ಎಲ್ಲರೂ ಎನಿಡಳ ಕಡೆ ನೋಡಿದರು. ಮುಖವನ್ನಲ್ಲ, ಕಿವಿಯನ್ನು ಮುಚ್ಚಿದ್ದ ಆ ಕೂದಲನ್ನು. ಸಿರಿಲ್ ತಿರುಗಿದ. ಅವಳು ಪೆಟ್ಟಿಗೆಯ ಮೇಲೆ ನಿಂತು, ಸುಮ್ಮನೆ ಹಸನ್ಮುಖದಿಂದ ಕಾಯುತ್ತಿದ್ದಳು. ಅವನು ನಿಂತದ್ದು ಅವಳ ಎಡಗಡೆಗೆ, ಬೆನ್ನು ಅವಳ ಕಡೆಗಿತ್ತು, ಹೀಟರ್ ಗುಂಯ್ ಅನ್ನುತ್ತಲೇ ಇತ್ತು. ಸಣ್ಣ ಧ್ವನಿ. ಅವಳಿಗೆ ಒಂದು ಮಾತೂ ಕೇಳಿಸಿರಲಿಲ್ಲ.

"ಏನಂತೆ?" ಅಂದಳು ಎನಿಡ್.

ಸದ್ದಿನ ವಿಭಾಗದ ಮುದುಕ ಜೂಲಿಯನ್‌ನ ಹತ್ತಿರ ಬಗ್ಗಿ ಏನೋ ಹೇಳಿದ. ಸಿರಿಲ್‌ನ ಕಿವಿಗೆ ಬಿಡಿ ಮಾತುಗಳು ಬಿದ್ದವು. ಒಳಗಿವಿ ಹೋದರೆ ದೇಹದ ಸಮತೋಲ ತಪ್ಪುತ್ತೆ. ಸ್ಟುಡಿಯೋದಲ್ಲಿ ಎಂಟು ಅಡಿ ಮೆಟ್ಟಿಲು. ವಿಮೆಯವರು. ಗೊತ್ತಿದ್ದೂ ಹತ್ತಿಸಿದ್ರೆ ನಾಳೆ ನಮ್ಮ ತಲೆಗೇ ಬರುತ್ತೆ. ಬೇರೆಯವಳನ್ನ ನೋಡಿ. "ಗೊತ್ತಿಲ್ಲದಿದ್ರೆ ಬೇರೆ ಮಾತಾಗಿತ್ತು," ಎಂದು ಮುದುಕ ನಿಜವಾದ ಬೇಸರದಿಂದ ಹೇಳಿದ. ಜೂಲಿಯನ್ ಕೆಟ್ಟವನಲ್ಲ. ಅವನು ಎನಿಡಳ ಕೈ ಹಿಡಿದು ಪೆಟ್ಟಿಗೆಯಿಂದ ಇಳಿಸಿ, ಒಬ್ಬೊಬ್ಬರನ್ನೂ ನೋಡಿ, ಅವಳ ಮುಖದ ಹತ್ತಿರ ಬಾಯಿ ತಂದು, ಕಿವುಡರ ಜೊತೆ ಮಾತಾಡುವ ಹಾಗೆ ದೊಡ್ಡದಾಗಿ, ನಿಧಾನವಾಗಿ, "ನೀವು, ನಮಗೆ, ಮೊದಲೇ, ಹೇಳಬೇಕಿತ್ತು," ಅಂದ. ಅವಳ ಮುಖದಿಂದ ರಕ್ತ ಇಳಿದುಹೋಯಿತು. ಎದುರಿಗೆ ನಿಂತು ಮಾತಾಡಿದರೆ ಬಲಗಿವಿಗೆ ಎಲ್ಲ ಚೆನ್ನಾಗಿ ಕೇಳಿಸುತ್ತಿತ್ತು. ಹಾಗೆ ಕೂಗುವ ಅಗತ್ಯ ಇರಲೇ ಇಲ್ಲ.

ಹಾಲಿನ ಹೊರಗೆ ಕೋಟು ನೇತುಹಾಕುವ ಓಣಿಯಲ್ಲಿ ಅವನು ಅವಳನ್ನು ಹಿಡಿದ. ಅವಳು ಟೋಪಿಯನ್ನು ಪಿನ್ನು ಚುಚ್ಚಿ ಭದ್ರ ಮಾಡಿಕೊಳ್ಳುತ್ತಿದ್ದಳು, ಇನ್ನೊಂದು ಪಿನ್ನು ಹಲ್ಲಿನ ನಡುವೆ ಇತ್ತು. "ಎನಿಡ್, ನಾನು ಅವರಿಗೆಲ್ಲ ನಿಜ ಹೇಳಿಬಿಟ್ಟೆ," ಅಂದ.

"ಗೊತ್ತಾಯ್ತು. ಅವರ ಮುಖ ನೋಡಿದ್ರೇ ಗೊತ್ತಾಯ್ತು." ಅವಳು ಪಿನ್ನನ್ನು ಬಾಯಿಂದ ತೆಗೆದಳು. "ಬಾಯಿ ಕಟ್ಟಿದ್ದು ನಿನಗೇ ಅಂತ ನನಗೆ ಗೊತ್ತಿರಲಿಲ್ವಾ ಸಿರಿಲ್? ನಿನ್ನ ಎದುರಿಗೆ ನಿಂತಿದ್ದವಳು ನಾನೇ ತಾನೇ? ಯಾಕೆ ಹೇಳಲಿಲ್ಲ ಅಂದ್ಕೊಂಡೆ? ಹೇಳಿದ್ರೆ ಕಿವಿ ವಿಷಯಾನೂ ಹೇಳಬೇಕಾಗ್ತಿತ್ತು. ಮರೆಗುಳಿಗೆ ಒಂದೊಂದು ಸಲ ಕೆಲಸ ಸಿಗುತ್ತೆ. ಕಿವುಡಿಗೆ ಸಿಗಲ್ಲ. ಹದಿನೆಂಟು ವರ್ಷ ಆ ಕೆಟ್ಟ ಹೆಸರನ್ನ ನಾನು ಮಡಿಲಲ್ಲಿ ಕೆಂಡ ಕಟ್ಟಿಕೊಂಡ ಹಾಗೆ ಕಟ್ಟಿಕೊಂಡು ಓಡಾಡಿದೀನಿ. ಅದು ನನ್ನದು. ನಿನ್ನನ್ನ ಯಾರು ಕೇಳಿದ್ರು?"

"ನನಗೆ ತಡೆಯೋಕಾಗಲಿಲ್ಲ."

"ಹೌದು, ನಿನಗೆ ಯಾವಾಗಲೂ ತಡೆಯೋಕಾಗಲ್ಲ." ಅವಳು ಹತ್ತಿರ ಬಂದಳು. "ಸರಿ. ಊರಿಗೆಲ್ಲ ಹೇಳಿದೆಯಲ್ಲ. ನನಗೆ ಹೇಳು. ಬೆನ್ನು ತಿರುಗಿಸಿ ಅಲ್ಲ. ಇಲ್ಲಿ, ಮುಖ ನೋಡಿ ಹೇಳು, ಏನು ಮಾಡಿದೆ ನೀನು ನನಗೆ?"

ಸಿರಿಲ್ ಬಾಯಿ ತೆರೆದ. ಐದು ನಿಮಿಷದ ಹಿಂದೆ ನೀರಿನ ಹಾಗೆ ಹರಿದ ಮಾತು. ಅದರ ಮೊದಲ ಪದ ಯಾವುದು? ಅವಳ ಕಣ್ಣು ಕಾಯುತ್ತಿತ್ತು. ಓಣಿಯ ಹಸಿರು ಗೋಡೆ, ಒದ್ದೆ ಕೋಟುಗಳ ವಾಸನೆ, ಒಂದು ಮೊಳೆ. ಏನೂ ಇಲ್ಲ. ಕ್ಷಮಿಸು ಎಂಬುದೂ ಒಂದು ಪದ, ಅದೂ ಇಲ್ಲ. ಮೌನ ಬೆಳೆಯುತ್ತಾ ಹೋಯಿತು, ಬೆವರು ಕಾಲರಿಗೆ ಇಳಿಯಿತು. ಅವಳು ಇನ್ನೂ ಕಾಯುತ್ತಲೇ ಇದ್ದಳು, ಆ ಕಾಯುವಿಕೆ ಅವನಿಗೆ ಸಹಿಸಲಾಗದಷ್ಟಾಯಿತು. ಇದ್ದಕ್ಕಿದ್ದಂತೆ ಎನಿಡ್ ಹಿಂದಕ್ಕೆ ಸರಿದು ಕೋಟುಗಳಿಗೆ ಬೆನ್ನು ತಾಗಿಸಿ ಎರಡೂ ಅಂಗೈಯಿಂದ ತನ್ನ ಬಲಗಿವಿಯನ್ನು ಮುಚ್ಚಿಕೊಂಡಳು, ಉಳಿದಿದ್ದ ಆ ಒಂದೇ ಕಿವಿಯನ್ನು. ಯಾಕೆ ಹೀಗೆ ಮಾಡುತ್ತಿದ್ದಾಳೆಂದು ಸಿರಿಲ್‌ಗೆ ಮೊದಲು ತಿಳಿಯಲಿಲ್ಲ. ಆಮೇಲೆ ಎತ್ತಿದ್ದ ತನ್ನ ಕೈಯನ್ನು ನೋಡಿದ.